ರೋಗಿಗೇ ತೋರಿಸಿದ ಪರೀಕ್ಷೆ

ಬಲಗೈ ನಡುಕವೆಂದು ಬಂದ ಆಕೆಯ ಬಳಿ ಸ್ಕ್ಯಾನ್ ರಿಪೋರ್ಟುಗಳ ದೊಡ್ಡ ಕಟ್ಟೇ ಇತ್ತು. ಎಲ್ಲವೂ ನಾರ್ಮಲ್. ನರರೋಗ ತಜ್ಞರು ‘ಫಂಕ್ಷನಲ್ ನಡುಕ’ (ಮಿದುಳಿಗೆ ಹಾನಿಯಿಲ್ಲ, ಅದು ಕೆಲಸ ಮಾಡುವ ರೀತಿ ತಪ್ಪಿದೆ) ಎಂದು ಬರೆದು ಫಿಸಿಯೋಥೆರಪಿಗೆ ನನ್ನ ಬಳಿ ಕಳಿಸಿದ್ದರು. ‘ನಿಮಗೇನೂ ಇಲ್ಲ’ ಎಂಬ ಮಾತು ಕೇಳಿ ಕೇಳಿ ಆಕೆ ಸೋತಿದ್ದರು. ಕಣ್ಣೆದುರೇ ಕೈ ನಡುಗುವಾಗ ಏನೂ ಇಲ್ಲ ಅನ್ನುವುದು ಹೇಗೆ?

ಪಾರ್ಕಿನ್ಸನ್ ಕಾಯಿಲೆಯಲ್ಲಿ ಮಿದುಳಿನ ಡೋಪಮೈನ್ ಎಂಬ ರಾಸಾಯನಿಕ ತಯಾರಿಸುವ ಕೋಶಗಳು ಸಾಯುತ್ತವೆ. ಕೈ ಸಾಮಾನ್ಯವಾಗಿ ಸೆಕೆಂಡಿಗೆ 4ರಿಂದ 6 ಸಲ ನಡುಗುತ್ತದೆ, ಗಮನ ಬೇರೆಡೆ ಹೋದರೂ ನಿಲ್ಲುವುದಿಲ್ಲ. ಫಂಕ್ಷನಲ್ ನಡುಕ ಹಾಗಲ್ಲ, ಅದಕ್ಕೆ ಗಮನವೇ ಉರುವಲು. ಒಂದು ಪೆಟ್ಟೋ ಜ್ವರವೋ ಹೆದರಿಕೆಯೋ ಮೊದಲ ನಡುಕ ತರಬಹುದು. ಆಮೇಲೆ ಮಿದುಳು ‘ಈ ಕೈ ನಡುಗುತ್ತದೆ’ ಎಂದು ಮೊದಲೇ ನಿರೀಕ್ಷಿಸಿ ಕಾಯುತ್ತದೆ. ಸ್ನಾಯು ಬಿಗಿಯುತ್ತದೆ, ಕೈ ನಡುಗುತ್ತದೆ, ಆ ನಿರೀಕ್ಷೆ ಇನ್ನಷ್ಟು ಗಟ್ಟಿಯಾಗುತ್ತದೆ. ಇದು ಸುಳಿ. ‘ನಾನೇ ಮಾಡುತ್ತಿದ್ದೇನೆ’ ಎಂಬ ಅರಿವು ಅಲ್ಲಿ ಮೂಡುವುದೇ ಇಲ್ಲ. ನಟನೆಯಂತೂ ಖಂಡಿತ ಅಲ್ಲ.

ಮೊದಲ ದಿನ ನಾನೇ ತಪ್ಪು ಮಾಡಿದೆ. ‘ಕೈ ನೋಡಿ, ಅಲುಗಾಡಿಸದೆ ಹಿಡಿಯಿರಿ’ ಅಂದೆ. ನಡುಕ ಭುಜದವರೆಗೂ ಏರಿತು.

ಮುಂದಿನ ಸಲ ಎಡಗೈ ಬೆರಳಿನಿಂದ ಮೇಜು ತಟ್ಟಲು ಹೇಳಿದೆ. ನಾನು ತಟ್ಟಿದಂತೆ ಆಕೆಯೂ ತಟ್ಟಬೇಕು. ನಿಧಾನ, ಬೇಗ, ಮತ್ತೆ ನಿಧಾನ. ತಾಳ ಹಿಡಿಯುವುದರಲ್ಲಿ ಮುಳುಗಿದ್ದಾಗ ಬಲಗೈ ಸುಮ್ಮನಾಯಿತು. ಹಿಂದೆಲ್ಲ ಇದನ್ನು ರೋಗಿಗೆ ಹೇಳದೆ ಫೈಲಿನಲ್ಲಿ ಬರೆದುಕೊಳ್ಳುತ್ತಿದ್ದೆ, ಅವರನ್ನು ಹಿಡಿದುಹಾಕಿದ ಹಾಗೆ. ಆ ದಿನ ಮಾತ್ರ, ‘ಬಲಗೈ ನೋಡಿ ಮೇಡಂ’ ಅಂದೆ.

ನೋಡಿದ ಕೂಡಲೇ ನಡುಕ ಮರಳಿತು. ಆಕೆಯ ಮುಖ ಕೆಂಪಾಯಿತು. ‘ಹಾಗಾದ್ರೆ ನಾನೇ ಮಾಡ್ತಿದ್ದೀನಿ ಅಂತಾನಾ?’

‘ಇಲ್ಲ. ನಿಲ್ಲೋ ದಾರಿ ನಿಮ್ಮ ಮಿದುಳಿನಲ್ಲಿ ಇನ್ನೂ ಇದೆ ಅಂತ. ಕಾಯೋದನ್ನ ಬಿಟ್ಟಾಗ ಅದು ತೆರೀತು.’

ಸ್ವಲ್ಪ ಹೊತ್ತು ಸುಮ್ಮನಿದ್ದು, ‘ಇನ್ನೊಂದ್ಸಲ ತಟ್ಟೋಣ’ ಅಂದರು.

ಅಲ್ಲಿಂದಾಚೆ ನಡುಕವನ್ನು ತಡೆಯಲಿಲ್ಲ, ಅದರ ಮೇಲೇ ಸವಾರಿ ಮಾಡಿದೆವು. ನಡುಗುವ ಕೈಯನ್ನು ಬೇಕೆಂದೇ ಅದಕ್ಕಿಂತ ದೊಡ್ಡದಾಗಿ ಬೀಸುವುದು, ಬೀಸು ನಿಧಾನಗೊಳಿಸುವುದು, ಹಾಗೇ ನಿಲ್ಲಿಸುವುದು. ಪಟ್ಟಿ ಕಟ್ಟುವುದನ್ನು, ಇನ್ನೊಂದು ಕೈಯಿಂದ ಅದುಮಿ ಹಿಡಿಯುವುದನ್ನು ಬಿಡಿಸಿದೆ. ಎರಡೂ ಗಮನವನ್ನು ಅಲ್ಲಿಗೇ ಎಳೆಯುತ್ತವೆ.

ನಡುಕ ಪೂರ್ತಿ ಹೋಗಿಲ್ಲ. ನಿದ್ದೆಗೆಟ್ಟ ದಿನ ಬರುತ್ತದೆ. ಆಗ ಆಕೆ ಕೈ ಅದುಮುವುದಿಲ್ಲ, ದೊಡ್ಡದಾಗಿ ನಾಲ್ಕು ಸಲ ಬೀಸಿ ಪೆನ್ನು ಎತ್ತಿಕೊಳ್ಳುತ್ತಾರೆ.