ಸೆರೆಸಿಕ್ಕ ಜಲಾಂತರ್ಗಾಮಿಯ ಯುದ್ಧಚರಿತ್ರೆ ಬರೆಯುವುದು ಹೇಗೆ

ಎರಡನೇ ಮಹಾಯುದ್ಧದಲ್ಲಿ ಶತ್ರುವಿನ ಕೈಸೇರಿದ ಜಲಾಂತರ್ಗಾಮಿಗೆ ಎರಡು ನೌಕಾಪಡೆಗಳಲ್ಲಿ ಕಡತಗಳಿರುತ್ತವೆ. ಕಟ್ಟಿದವರ ದಾಖಲೆ ಸೆರೆಯ ಹೊತ್ತಿಗೆ ನಿಂತುಹೋಗುತ್ತದೆ. ಹಿಡಿದವರ ದಾಖಲೆ ಅಲ್ಲಿಂದ ಶುರು. ಎರಡನ್ನೂ ಒಂದೇ ಗಡಿಯಾರ, ಒಂದೇ ನಕ್ಷೆಗೆ ತಂದು ಜೋಡಿಸದೆ ಏನನ್ನೂ ಬರೆಯಲು ಕೂರಬೇಡಿ.

ಮೊದಲು ಹೆಸರುಗಳನ್ನು ಬಿಡಿಸಿಕೊಳ್ಳಿ. ಜರ್ಮನಿಯ ಯು-570 ಬ್ರಿಟನ್ನಿನ ಕೈಗೆ ಬಂದ ಮೇಲೆ ಎಚ್‌ಎಂಎಸ್ ಗ್ರಾಫ್ ಆಯಿತು, ಅದರ ಸಂಖ್ಯೆ ಪಿ715. ಬ್ರಿಟನ್ನಿನ ಸೀಲ್ 1940ರ ಮೇ 5ರಂದು ಡೆನ್ಮಾರ್ಕ್ ಮತ್ತು ಸ್ವೀಡನ್ ನಡುವಿನ ಕಟ್ಟೆಗಾಟ್ ಸಮುದ್ರದಲ್ಲಿ ಸೆರೆಸಿಕ್ಕು ಜರ್ಮನ್ನರ ಯುಬಿ ಆಯಿತು. ಇನ್ನೂ ತೊಡಕಿನದು ಯುಡಿ-1: ಅದು ಮೊದಲು ಬ್ರಿಟನ್ನಿನ ಎಚ್6, 1916ರಲ್ಲಿ ಡಚ್ ಕರಾವಳಿಯಲ್ಲಿ ದಡಕ್ಕೇರಿ ಡಚ್ಚರ ಒ 8 ಆಯಿತು, 1940ರಲ್ಲಿ ಜರ್ಮನ್ನರ ಪಾಲಾಯಿತು. ಪ್ರತಿ ಹೆಸರಿನ ಎದುರು ಅದು ಯಾವ ದಿನದಿಂದ ಯಾವ ದಿನದವರೆಗೆ ಇತ್ತೆಂದು ಬರೆದಿಡಿ. ಸೆರೆಯಾದ ದಿನ ಮತ್ತು ಹೊಸ ಹೆಸರಲ್ಲಿ ಸೇವೆಗೆ ಸೇರಿದ ದಿನ ಬೇರೆ ಬೇರೆ. ಸೀಲ್ ಸಿಕ್ಕಿದ್ದು ಮೇ ತಿಂಗಳಲ್ಲಿ, ಯುಬಿಯಾಗಿ ಸೇವೆಗೆ ಸೇರಿದ್ದು ನವೆಂಬರ್ ಕೊನೆಗೆ.

ಮೂಲ ಕಾಗದಪತ್ರಗಳು ಇರುವ ಜಾಗಗಳು ಹೆಚ್ಚಿಲ್ಲ. ಜರ್ಮನ್ ನೌಕೆಗಳ ಯುದ್ಧ ದಿನಚರಿಗಳು ಫ್ರೈಬುರ್ಗ್‌ನ ಜರ್ಮನ್ ಸೇನಾ ಪತ್ರಾಗಾರದಲ್ಲಿವೆ. ಅವುಗಳ ಮೈಕ್ರೋಫಿಲ್ಮ್ ಅಮೆರಿಕದ ರಾಷ್ಟ್ರೀಯ ಪತ್ರಾಗಾರದಲ್ಲಿ ಟಿ1022 ಸರಣಿಯಾಗಿ ಸಿಗುತ್ತದೆ. ಬ್ರಿಟನ್ನಿನದಕ್ಕೆ ಲಂಡನ್ನಿನ ಕ್ಯೂನಲ್ಲಿರುವ ರಾಷ್ಟ್ರೀಯ ಪತ್ರಾಗಾರದ ಸರಣಿಗಳಾದ ಎಡಿಎಂ 173 (ಜಲಾಂತರ್ಗಾಮಿಗಳ ಲಾಗ್, ಅಂದರೆ ಹಡಗಿನಲ್ಲಿ ಹೊತ್ತುಹೊತ್ತಿಗೆ ಬರೆದಿಡುವ ದಾಖಲೆ ಪುಸ್ತಕ) ಮತ್ತು ಎಡಿಎಂ 199 (ಯುದ್ಧಕಾಲದ ವರದಿಗಳು) ನೋಡಿ. ಅಮೆರಿಕದ ಡೆಕ್ ಲಾಗ್‌ಗಳು ದಾಖಲೆ ಗುಂಪು 24ರಲ್ಲಿ, ಯುದ್ಧ ದಿನಚರಿ ಮತ್ತು ಕಾರ್ಯಾಚರಣೆಯ ವರದಿಗಳು ಗುಂಪು 38ರಲ್ಲಿ. ಸೆರೆಸಿಕ್ಕ ನೌಕೆಯ ಹೆಸರೊಂದನ್ನೇ ಹುಡುಕಿದರೆ ಅರ್ಧವೂ ಸಿಗದು. ಅದನ್ನು ಹಿಡಿದ, ಎಳೆದ, ಕಾವಲಿದ್ದ ಪ್ರತಿ ಹಡಗಿನ ಲಾಗನ್ನೂ ತರಿಸಿ.

ಜರ್ಮನ್ ದಿನಚರಿಯಲ್ಲಿ ಜಾಗವನ್ನು ಅಕ್ಷಾಂಶ ರೇಖಾಂಶದಲ್ಲಿ ಹೇಳುವುದು ಅಪರೂಪ. ಬದಲಿಗೆ ಎರಡು ಅಕ್ಷರ, ನಾಲ್ಕು ಅಂಕಿಗಳಲ್ಲಿ ನಕ್ಷೆಯ ಚೌಕವೊಂದರ ಗುರುತು ಇರುತ್ತದೆ. ಅಕ್ಷರಗಳು ಸೂಚಿಸುವ ದೊಡ್ಡ ಚೌಕದ ಒಂದು ಬದಿ ಸುಮಾರು 486 ನಾಟಿಕಲ್ ಮೈಲಿ. ಅದನ್ನು 3×3ರಂತೆ ನಾಲ್ಕು ಸಲ ಒಡೆದರೆ 162, 54, 18, ಕೊನೆಗೆ 6 ಮೈಲಿ. ಅಂಕಿಗಳು ಎಡದಿಂದ ಬಲಕ್ಕೆ, ಮೇಲಿನಿಂದ ಕೆಳಕ್ಕೆ 1ರಿಂದ 9. ಆದ್ದರಿಂದ ಸಾಮಾನ್ಯ ಚೌಕದಲ್ಲಿ ಸೊನ್ನೆ ಬರುವುದಿಲ್ಲ. ಮಸುಕಾದ ಫಿಲ್ಮ್‌ನಲ್ಲಿ 0 ಕಂಡರೆ ಅದು 6 ಅಥವಾ 8 ಇರಬೇಕು, ಮತ್ತೆ ನೋಡಿ. ಚೌಕದ ನಡುಬಿಂದುವನ್ನು ನಕ್ಷೆಯಲ್ಲಿ ಗುರುತಿಸಿ, ಸುತ್ತ 3 ಮೈಲಿ ಅಂದಾಜು ಬಿಡಿ. ದಶಮಾಂಶದವರೆಗೆ ಅಕ್ಷಾಂಶ ಬರೆದರೆ ದಾಖಲೆಯಲ್ಲಿಲ್ಲದ ಖಚಿತತೆಯನ್ನು ನೀವೇ ಹುಟ್ಟಿಸಿದಂತೆ.

ಹೆಚ್ಚಿನವರು ಎಡವುವುದು ಸಮಯದಲ್ಲಿ. ಯು-ಬೋಟುಗಳು (ಜರ್ಮನ್ ಜಲಾಂತರ್ಗಾಮಿಗಳು) ಎಲ್ಲಿದ್ದರೂ ಜರ್ಮನ್ ಸಮಯವನ್ನೇ ಬರೆಯುತ್ತಿದ್ದವು. 1940ರ ಏಪ್ರಿಲ್‌ನಿಂದ 1942ರ ನವೆಂಬರ್ ಆರಂಭದವರೆಗೆ ಜರ್ಮನಿ ಬೇಸಿಗೆ ಸಮಯವನ್ನು ಬದಲಿಸಲೇ ಇಲ್ಲ. ಚಳಿಗಾಲದಲ್ಲೂ ಗ್ರೀನಿಚ್‌ಗಿಂತ 2 ಗಂಟೆ ಮುಂದೆ. ಅಮೆರಿಕನ್ ಲಾಗ್‌ನಲ್ಲಿ ಕಾಣುವ ‘+1’ ಇನ್ನೊಂದು ಬಲೆ. ಹಡಗಿನ ಸಮಯಕ್ಕೆ 1 ಗಂಟೆ ಕೂಡಿಸಿದರೆ ಗ್ರೀನಿಚ್ ಸಮಯ ಬರುತ್ತದೆ ಎಂದು ಅದರ ಅರ್ಥ, ಅಂದರೆ ಹಡಗು ಹಿಂದಿದೆ. ಈಗಿನ ರೂಢಿಯಂತೆ ಓದಿ ಕಳೆದರೆ 2 ಗಂಟೆ ತಪ್ಪುತ್ತದೆ, ಎಳೆಯುವ ಹಗ್ಗ ಕಟ್ಟಿದ್ದು ನೌಕೆ ಸಿಕ್ಕುವ ಮೊದಲೇ ಎಂದಾಗಿಬಿಡಬಹುದು! ಕೋಷ್ಟಕದಲ್ಲಿ ಮೂಲ ಸಮಯಕ್ಕೊಂದು, ಗ್ರೀನಿಚ್ ಸಮಯಕ್ಕೊಂದು ಅಂಕಣವಿಡಿ. ಮೂಲವನ್ನು ಎಂದೂ ಅಳಿಸಬೇಡಿ.

ಸೆರೆಯ ಗಂಟೆಗಳಿಗೆ ಯು-505 ಒಳ್ಳೆಯ ಮಾದರಿ. 1944ರ ಜೂನ್ 4ರಂದು ಆಫ್ರಿಕಾದ ಪಶ್ಚಿಮ ಕರಾವಳಿಯಾಚೆ ಅಮೆರಿಕದ ವಿಮಾನವಾಹಕ ಗ್ವಾಡಲ್‌ಕೆನಾಲ್ ಮತ್ತು ಐದು ಬೆಂಗಾವಲು ಹಡಗುಗಳು ಅದನ್ನು ಹಿಡಿದವು. ಅಂದು ಏನಾಯಿತೆಂದು ಒಂದೇ ಲಾಗ್‌ನಿಂದ ತಿಳಿಯದು. ಬೆಂಗಾವಲು ಹಡಗುಗಳಲ್ಲಿ ಜಲಾಂತರ್ಗಾಮಿಯ ಸುಳಿವನ್ನು ಸದ್ದಿನಿಂದ ಮೊದಲು ಹಿಡಿದದ್ದು ಚಾಟಲೇನ್, ನೌಕೆ ಹತ್ತಿದ ತಂಡ ಪಿಲ್ಸ್‌ಬರಿಯದು. ಆ ಪಿಲ್ಸ್‌ಬರಿಯೇ ಪಕ್ಕಕ್ಕೆ ಬಂದಾಗ ಜಲಾಂತರ್ಗಾಮಿಯ ಮುಂಭಾಗದ ರೆಕ್ಕೆ (ಆಳವನ್ನು ನಿಯಂತ್ರಿಸುವ ಹಲಗೆ) ತಗುಲಿ ಹಾನಿ ಮಾಡಿಕೊಂಡಿತು. ಚುಕ್ಕಾಣಿ ಬಲಕ್ಕೆ ಸಿಕ್ಕಿಕೊಂಡು ಯು-505 ಸುತ್ತು ಹಾಕುತ್ತಿತ್ತು. ಮುಳುಗಿಸಲೆಂದು ಜರ್ಮನ್ನರು ತೆರೆದಿಟ್ಟ ಕೊಳವೆಯಿಂದ ನೀರು ನುಗ್ಗುತ್ತಿದ್ದಾಗ ಅದರ ಮುಚ್ಚಳವನ್ನು ಮತ್ತೆ ಕೂರಿಸಿದ್ದರಿಂದ ನೌಕೆ ಉಳಿಯಿತು. ಆಮೇಲೆ ಡೀಸೆಲ್ ಎಂಜಿನ್‌ಗಳನ್ನು ಪ್ರೊಪೆಲ್ಲರ್ ದಂಡದಿಂದ ಬಿಡಿಸಿ ಎಳೆಯಲಾಯಿತು. ನೀರಿನ ಒತ್ತಡಕ್ಕೆ ಪ್ರೊಪೆಲ್ಲರ್ ತಿರುಗಿ, ವಿದ್ಯುತ್ ಮೋಟರುಗಳು ಜನರೇಟರಿನಂತೆ ದುಡಿದು ಬ್ಯಾಟರಿ ತುಂಬಿದವು, ಪಂಪುಗಳು ಓಡಿದವು. ಇಂಥ ವಿವರಗಳಿಗೆ ಎಂಜಿನಿಯರಿಂಗ್ ವರದಿಗಳನ್ನು ಹುಡುಕಿ. ಡೆಕ್ ಲಾಗ್ ದಿಕ್ಕು ಮತ್ತು ವೇಗವನ್ನಷ್ಟೇ ಹೇಳುತ್ತದೆ. ಎಳೆತದ ಹಗ್ಗ ಮುಂದೆ ಅಬ್ನಾಕಿ ಎಂಬ ಟಗ್‌ಗೆ ದಾಟಿತು, ಜೂನ್ 19ಕ್ಕೆ ಬರ್ಮುಡಾ ತಲುಪಿದ್ದಾಯಿತು.

ಕಡತ ಮೌನವಾಗಿದ್ದರೆ ಕಾರಣ ಹುಡುಕಿ. ಸಂಕೇತ ಪುಸ್ತಕಗಳು ಕೈಸೇರಿದ್ದು ಗೊತ್ತಾಗದಿರಲು, ಯು-505 ಮುಳುಗಿತೆಂದೇ ಜರ್ಮನ್ನರು ನಂಬಬೇಕಿತ್ತು. ಹಾಗಾಗಿ ಬದುಕುಳಿದ 58 ಜನರನ್ನು ಲೂಸಿಯಾನಾದ ಕ್ಯಾಂಪ್ ರಸ್ಟನ್‌ನಲ್ಲಿ ಬೇರೆಯಾಗಿಟ್ಟರು, ರೆಡ್ ಕ್ರಾಸ್‌ಗೂ ತಿಳಿಸಲಿಲ್ಲ. ಮನೆಯವರಿಗೆ ಹೋದದ್ದು ಸಾವಿನ ಸುದ್ದಿ. 1941ರ ಮೇ 9ರಂದು ಯು-110 ಅನ್ನು ಬ್ರಿಟಿಷರು ಹತ್ತಿ ಎನಿಗ್ಮಾ ಎಂಬ ಗುಪ್ತಲಿಪಿ ಯಂತ್ರ, ಸಂಕೇತ ಪುಸ್ತಕಗಳನ್ನು ತಂದದ್ದೂ ಹೀಗೆಯೇ ಮುಚ್ಚಿಟ್ಟ ವಿಷಯ. ನೌಕೆ ಮರುದಿನ ಎಳೆಯುವಾಗ ಮುಳುಗಿತು. 1970ರ ದಶಕಕ್ಕೆ ಮೊದಲು ಅಚ್ಚಾದ ಪುಸ್ತಕಗಳನ್ನು ಸಂಕೇತಗಳ ವಿಷಯದಲ್ಲಿ ನೆಚ್ಚಬೇಡಿ.

‘ಮುಳುಗಿಸಿತು’ ಎಂಬ ಮಾತನ್ನು ಎದುರಾಳಿಯ ದಿನಚರಿ ನೋಡದೆ ಒಪ್ಪಲೇಬಾರದು. 1942ರ ಅಕ್ಟೋಬರ್ 21ರಂದು ಗ್ರಾಫ್ ಯು-333 ಮೇಲೆ ಟಾರ್ಪಿಡೊ ಹಾರಿಸಿತು. ಸ್ಫೋಟ ಕೇಳಿತು, ಗೆಲುವು ಅದರ ಲೆಕ್ಕಕ್ಕೆ ಸೇರಿತು. ನಿಜದಲ್ಲಿ ಯು-333 ತಪ್ಪಿಸಿಕೊಂಡು ಬಂದರು ಸೇರಿತ್ತು, ಅದು ಮುಳುಗಿದ್ದು 1944ರ ಜುಲೈನಲ್ಲಿ. ಸುಳ್ಳು ಹೇಳಿದವರು ಯಾರೂ ಇಲ್ಲ. ನೀರಿನೊಳಗೆ ಕೇಳಿದ ಸದ್ದನ್ನು ತಪ್ಪಾಗಿ ಅರ್ಥೈಸಿದ್ದರು. ಬರೆಯುವಾಗ ಅಂದಿನ ವರದಿಯನ್ನೂ ಇಂದಿನ ನಿರ್ಣಯವನ್ನೂ ಬೇರೆ ಬೇರೆ ವಾಕ್ಯಗಳಲ್ಲಿ ಕೊಡಿ.

ನೌಕೆ ಉಳಿದಿದ್ದರೆ ಅದನ್ನೂ ಓದಿ, ಆದರೆ ಎಚ್ಚರದಿಂದ. ಯು-505 ಇಂದು ಶಿಕಾಗೋದ ವಿಜ್ಞಾನ ವಸ್ತುಸಂಗ್ರಹಾಲಯದಲ್ಲಿದೆ, ಅಲ್ಲಿಗೆ ಬಂದದ್ದು 1954ರಲ್ಲಿ. ಪರೀಕ್ಷೆಗೆಂದು ಅಮೆರಿಕ ನೌಕಾಪಡೆ ಮೊದಲೇ ಎಷ್ಟೋ ಭಾಗಗಳನ್ನು ಬಿಚ್ಚಿತ್ತು. ಹಲವನ್ನು ಜರ್ಮನಿಯ ಮೂಲ ತಯಾರಕರು ಆಮೇಲೆ ಒದಗಿಸಿದರು, ಒಂದು ಪೆರಿಸ್ಕೋಪ್ ಮರಳಿದ್ದು 2003ರಲ್ಲಿ. ಒಳಗಿನ ಉಪಕರಣದ ಫೋಟೋವನ್ನು 1944ರ ಸಾಕ್ಷ್ಯವಾಗಿ ಬಳಸುವ ಮುನ್ನ, ಸೆರೆಯ ಹೊತ್ತಿನ ಫೋಟೋಗಳ ಜೊತೆ ಇಟ್ಟು ಹೋಲಿಸಿ.