ಗ್ರೀಕರ ಬಟಾಟೆಗೆ ಚಪ್ಪಟೆ ತಳ ಬೇಕು

ಕರಿದ ಬಟಾಟೆಯನ್ನು ಗ್ರೀಕರು 'ಪತಾತೆಸ್ ತಿಗಾನಿತೆಸ್' ಅನ್ನುತ್ತಾರೆ. ತಿಗಾನಿ ಅಂದರೆ ಅವರ ಮಾತಿನಲ್ಲಿ ಚಪ್ಪಟೆ ತಳದ, ಹಿಡಿ ಇರುವ ಪಾತ್ರೆ, ನಮ್ಮ ಫ್ರೈಪ್ಯಾನ್. ಅರ್ಧ ಪಾಠ ಈ ಹೆಸರಿನಲ್ಲೇ ಇದೆ. ಕರಿಯುವುದು ಅಂದ ಕೂಡಲೇ ನಾವು ಬಾಣಲೆ ಇಳಿಸುತ್ತೇವೆ. ಬಾಣಲೆಯ ತಳ ಗುಂಡಗೆ. ಎಣ್ಣೆಯೆಲ್ಲ ನಡುವೆ ಸೇರಿ ಹೊಂಡವಾಗುತ್ತದೆ, ಬಟಾಟೆ ಅದರಲ್ಲಿ ಮೂರು ನಾಲ್ಕು ಪದರ ರಾಶಿ ಬೀಳುತ್ತದೆ. ಅಡಿಯದು ಕೆಂಪಾಗುವಾಗ ಮೇಲಿನದು ಹಬೆಯಲ್ಲಿ ಬೇಯುತ್ತಿರುತ್ತದೆ. ಅದನ್ನು ಸರಿಮಾಡಲು ಸೌಟು ಹಾಕಿ ಕಲಕಿದರೆ ತುಂಡುಗಳ ಮೂಲೆ ಮುರಿದು ಎಣ್ಣೆ ತುಂಬ ಪುಡಿ.

ತಳ 22 ಸೆಂಟಿಮೀಟರ್ ಅಗಲ, ಅಂಚು ಕನಿಷ್ಠ 6 ಸೆಂಟಿಮೀಟರ್ ಎತ್ತರದ ದಪ್ಪ ತಳದ ಪಾತ್ರೆಯಲ್ಲಿ ಲೆಕ್ಕ ಹೀಗೆ. 400 ಮಿಲಿಲೀಟರ್ ಎಣ್ಣೆ ಹೊಯ್ದರೆ ಒಂದು ಸೆಂಟಿಮೀಟರ್ ಆಳ ನಿಲ್ಲುತ್ತದೆ. 300 ಗ್ರಾಂ ಬಟಾಟೆ ಹಾಕಿದ ಕೂಡಲೇ ಎಣ್ಣೆ ಮೇಲೇರಿ ಎರಡು ಸೆಂಟಿಮೀಟರಿನ ಹತ್ತಿರ ಬರುತ್ತದೆ. ಒಂದು ಸೆಂಟಿಮೀಟರ್ ದಪ್ಪದ ತುಂಡುಗಳು ಒಂದೇ ಪದರದಲ್ಲಿ ಕೂತು ಪೂರ್ತಿ ಮುಳುಗುತ್ತವೆ. ಲೀಟರುಗಟ್ಟಲೆ ಎಣ್ಣೆ ಬೇಡ. ಇದು ಇಬ್ಬರಿಗೆ ಸಾಕು. ನಾಲ್ವರಿಗೆ ಬೇಕಾದರೆ ಇನ್ನೊಂದು ಒಲೆಯಲ್ಲಿ ಇನ್ನೊಂದು ಪಾತ್ರೆ ಇಡುವುದು ಒಳ್ಳೆಯದು. ಇದರಲ್ಲೇ 600 ಗ್ರಾಂ ತುರುಕಿದರೆ ಮತ್ತೆ ಬಾಣಲೆಯ ಕತೆಯೇ.

ಕಡಿಮೆ ಎಣ್ಣೆಯಿಂದ ಇನ್ನೊಂದು ಲಾಭ ಇದೆ. ಹೋಟೆಲಿನವರು ಫ್ರೈಸ್ ಅನ್ನು ಎರಡು ಸಲ ಕರಿಯುತ್ತಾರೆ: ಮೊದಲು ಕಡಿಮೆ ಕಾವಿನಲ್ಲಿ ಒಳಗೆ ಬೇಯಿಸಲು, ಆರಿದ ಮೇಲೆ ಹೆಚ್ಚು ಕಾವಿನಲ್ಲಿ ಬಣ್ಣಕ್ಕೆ. ನಮ್ಮ 400 ಮಿಲಿ ಎಣ್ಣೆ 170 ಡಿಗ್ರಿಯಲ್ಲಿದ್ದರೂ 300 ಗ್ರಾಂ ತಣ್ಣನೆ ಬಟಾಟೆ ಬಿದ್ದ ಕೂಡಲೇ 120ರ ಆಸುಪಾಸಿಗೆ ಕುಸಿಯುತ್ತದೆ. ಕುಸಿಯಲಿ. ಆ ಮೆತ್ತನೆ ಕಾವಿನಲ್ಲೇ ಒಳಗೆ ಬೇಯುತ್ತದೆ. ಬಟಾಟೆಯ ನೀರು ಹೋಗುತ್ತ ಹೋದಂತೆ ಎಣ್ಣೆ ತಾನಾಗಿ ಮೇಲೇರಿ ಹೊರಗೆ ಬಣ್ಣ ಕಟ್ಟುತ್ತದೆ. ಎರಡು ಕರಿತವೂ ಒಂದೇ ಸಲಕ್ಕೆ, ಒಂದೇ ಪಾತ್ರೆಯಲ್ಲಿ ಮುಗಿಯಿತು. ಅರ್ಧ ಗಂಟೆಯೊಳಗೆ ತಟ್ಟೆಗೆ ಬರುವುದು ಇದರಿಂದಲೇ.

ಈಗ ಬಟಾಟೆ. ಮುಂಬಯಿಯಲ್ಲಿ ಕೆಡುವುದು ಹೆಚ್ಚಾಗಿ ಇಲ್ಲೇ. ವಾಶಿ ಮಾರ್ಕೆಟ್ಟಿನಿಂದ ನಮ್ಮ ಗಲ್ಲಿಯ ಕಾಂದಾ-ಬಟಾಟಾ ಅಂಗಡಿಗೆ ಬರುವ ಮಾಲು ವರ್ಷವಿಡೀ ಒಂದೇ ಥರ ಇರುವುದಿಲ್ಲ. ಚಳಿಗಾಲ ಮುಗಿಯುವ ಹೊತ್ತಿಗೆ 'ನವಾ', ಅಂದರೆ ಹೊಸದು, ಬರುತ್ತದೆ: ಸಿಪ್ಪೆ ತೆಳ್ಳಗೆ, ಉಗುರಿನಿಂದ ಕೆರೆದರೆ ಏಳುತ್ತದೆ, ಒಳಗೆ ನೀರು ಹೆಚ್ಚು. ಪಲ್ಯಕ್ಕೆ ಚೆಂದ, ಕರಿಯಲು ಮೆತ್ತಗೆ. ಮಳೆಗಾಲಕ್ಕೆ ಬರುವ 'ಜುನಾ', ಅಂದರೆ ಹಳೆಯದು, ಹೆಚ್ಚಿನದು ಕೋಲ್ಡ್ ಸ್ಟೋರೇಜಿನದು. ನೀರು ಕಡಿಮೆ ಇದ್ದರೂ ಬೇರೆ ಕಾಟ: ಎರಡರಿಂದ ನಾಲ್ಕು ಡಿಗ್ರಿ ಚಳಿಯಲ್ಲಿ ತಿಂಗಳುಗಟ್ಟಲೆ ಕೂತ ಬಟಾಟೆಯಲ್ಲಿ ಪಿಷ್ಟ ಸ್ವಲ್ಪ ಸ್ವಲ್ಪವಾಗಿ ಸಕ್ಕರೆಯಾಗುತ್ತದೆ. ಅದನ್ನು ಕರಿದರೆ ಐದೇ ನಿಮಿಷಕ್ಕೆ ಕಂದು, ಒಳಗೆ ಹಸಿ, ಬಾಯಿಗಿಟ್ಟರೆ ಸಣ್ಣಗೆ ಸಿಹಿ. ಎಣ್ಣೆ ಹೆಚ್ಚು ಕಾದಿತ್ತು ಅಂದುಕೊಂಡು ಮುಂದಿನ ಸಲ ಉರಿ ತಗ್ಗಿಸಿದರೂ ಅದೇ ಆಗುತ್ತದೆ, ಯಾಕೆಂದರೆ ತಪ್ಪು ಉರಿಯದ್ದಲ್ಲ.

ಪರಿಹಾರ: ತಂದ ಬಟಾಟೆಯನ್ನು ಬುಟ್ಟಿಯಲ್ಲಿ, ಕತ್ತಲೆಯಲ್ಲಿ, ಗಾಳಿ ಆಡುವಲ್ಲಿ ಎರಡು ವಾರ ಬಿಡಿ. ಸಕ್ಕರೆ ಬಹುಮಟ್ಟಿಗೆ ಇಳಿಯುತ್ತದೆ. ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿಟ್ಟರೆ ಮಳೆಗಾಲದಲ್ಲಿ ಒಂದು ವಾರಕ್ಕೇ ಬೂಸಲು. ಮೊಳಕೆ ಬಂದರೆ ಕಣ್ಣು ಕಿತ್ತು ಬಳಸಬಹುದು, ಹಸಿರು ತಿರುಗಿದ್ದನ್ನು ಎಸೆಯಿರಿ. ಬಟಾಟೆಯನ್ನು ಫ್ರಿಜ್ಜಿನಲ್ಲಂತೂ ಇಡಲೇಬೇಡಿ, ಮನೆಯಲ್ಲೇ ಕೋಲ್ಡ್ ಸ್ಟೋರೇಜ್ ಮಾಡಿದಂತಾಗುತ್ತದೆ.

ಹಿಟ್ಟು ಹಿಟ್ಟಾದ ಬಟಾಟೆ ಯಾವುದು, ನೀರು ಬಟಾಟೆ ಯಾವುದು ಅಂತ ಹೇಳಲು ಅಂಗಡಿಯವನಿಗೂ ಬಾರದು. ಒಂದು ಅಳತೆ ಉಪ್ಪಿಗೆ ಹನ್ನೊಂದು ಅಳತೆ ನೀರು ಸೇರಿಸಿ ಕದಡಿ, ತೊಳೆದ ಇಡೀ ಬಟಾಟೆ ಬಿಡಿ. ಮುಳುಗಿದರೆ ಹಿಟ್ಟಿನದು, ಕರಿಯಲು ಲಾಯಕ್ಕು. ತೇಲಿದರೆ ನೀರಿನದು, ಸಾರಿಗೋ ಪಲ್ಯಕ್ಕೋ ಇರಲಿ. ಒಂದು ಕಿಲೋ ತಂದು ಪರೀಕ್ಷಿಸಿದರೆ ಒಂದೇ ಚೀಲದಲ್ಲಿ ಎರಡೂ ಸಿಗುವುದುಂಟು.

ಸಿಪ್ಪೆ ತೆಗೆದ ಮೇಲೆ 300 ಗ್ರಾಂ ಇರಬೇಕು, ಅಂದರೆ ಮಧ್ಯಮ ಗಾತ್ರದ ಮೂರು. ಮೊದಲು ಉದ್ದಕ್ಕೆ ಒಂದು ಸೆಂಟಿಮೀಟರಿನ ಹಲಗೆಗಳು, ಆಮೇಲೆ ಅವನ್ನೇ ಮಲಗಿಸಿ ಅಷ್ಟೇ ಅಗಲದ ಕಡ್ಡಿಗಳು. ಮೆಟ್ಟುಕತ್ತಿ ಪಳಗಿದವರಿಗೆ ಅದೇ ಬೇಗ. ಅಳತೆ ಪಟ್ಟಿ ಇಡಬೇಕಾಗಿಲ್ಲ, ಗ್ರೀಕರ ಮನೆಗಳಲ್ಲೂ ಇದು ಕೈಯಳತೆಯ ತುಂಡೇ, ಕಾರ್ಖಾನೆಯ ಕಡ್ಡಿಯ ಹಾಗೆ ಇರುವುದಿಲ್ಲ. ಆದರೆ ಅರ್ಧ ಸೆಂಟಿಮೀಟರಿನದೂ ಒಂದೂವರೆಯದೂ ಒಟ್ಟಿಗೆ ಬಿದ್ದರೆ ಒಂದು ಸುಟ್ಟು ಇನ್ನೊಂದು ಹಸಿ. ತುದಿಯ ಚೂರುಪಾರು ಪಕ್ಕಕ್ಕೆ ಇಟ್ಟು ಬಿಡಿ, ಮೊದಲು ಸೀಯುವುದು ಅವೇ.

ಹೆಚ್ಚಿದ್ದನ್ನು ತಣ್ಣೀರಲ್ಲಿ ಎರಡು ಸಲ ಜಾಲಿಸಿ. ಮೇಲಿನ ಹಾಲಿನಂಥ ಪಿಷ್ಟ ಹೋಗಬೇಕು, ಇಲ್ಲದಿದ್ದರೆ ತುಂಡುಗಳು ಒಂದಕ್ಕೊಂದು ಅಂಟುತ್ತವೆ. ಅರ್ಧ ಗಂಟೆ ನೆನೆಸುವ ಗೊಡವೆ ಬೇಡ. ಆಮೇಲೆ ಒರೆಸುವುದು: ಹಳೆ ಪಂಚೆಯ ತುಂಡಿನ ಮೇಲೆ ಹರಡಿ, ಇನ್ನೊಂದು ಮಡಿಕೆ ಮುಚ್ಚಿ, ಒತ್ತಿ ಉರುಳಿಸಿ. ಬೆರಳಲ್ಲಿ ಮುಟ್ಟಿದರೆ ತೇವ ಅಂಟಬಾರದು. ಜುಲೈ ತಿಂಗಳಲ್ಲಿ ಬರೀ ಗಾಳಿಗೆ ಬಿಟ್ಟರೆ ಈ ಊರಲ್ಲಿ ಏನೂ ಒಣಗುವುದಿಲ್ಲ, ಫ್ಯಾನಿನಡಿ ಐದು ನಿಮಿಷ ಇಡಿ. ಒದ್ದೆ ಬಟಾಟೆ ಬಿದ್ದರೆ ನೊರೆ ಅಂಚಿನವರೆಗೂ ಉಕ್ಕುತ್ತದೆ, ಆರು ಸೆಂಟಿಮೀಟರ್ ಅಂಚು ಬೇಕೆಂದದ್ದು ಅದಕ್ಕೇ.

ಎಣ್ಣೆ ಆಲಿವ್‌ನದ್ದೇ ಆಗಬೇಕೆ? ಗ್ರೀಸಿನಲ್ಲಿ ಶುದ್ಧಿ ಮಾಡದೆ ನೇರವಾಗಿ ಹಿಂಡಿ ತೆಗೆದ ಎಕ್ಸ್ಟ್ರಾ ವರ್ಜಿನ್‌ನಲ್ಲೇ ಕರಿಯುತ್ತಾರೆ, ಅಲ್ಲಿ ಅದು ಮನೆಯೆಣ್ಣೆ. ಕಾಯಿಸಿದರೆ ವಿಷವಾಗುತ್ತದೆ ಅನ್ನುವ ಮಾತಿಗೆ ಅರ್ಥವಿಲ್ಲ, ಒಳ್ಳೆಯ ಎಣ್ಣೆ 180 ಡಿಗ್ರಿಯನ್ನು ಆರಾಮವಾಗಿ ತಾಳುತ್ತದೆ. ಇಲ್ಲಿ ಸಮಸ್ಯೆ ಬೆಲೆಯದು. 250 ಮಿಲಿ ರಿಫೈನ್ಡ್ ಶೇಂಗಾ ಎಣ್ಣೆಗೆ 150 ಮಿಲಿ ಎಕ್ಸ್ಟ್ರಾ ವರ್ಜಿನ್ ಸೇರಿಸಿದರೆ ಪರಿಮಳ ಸಾಕಷ್ಟು ಉಳಿಯುತ್ತದೆ. ಪೊಮೇಸ್ ಅಂತ ಬರುವ ಅಗ್ಗದ ಡಬ್ಬಿ ನನಗೆ ದಂಡ ಅನಿಸುತ್ತದೆ: ಅದು ಹಿಂಡಿಯಿಂದ ತೆಗೆದು ಶುದ್ಧಿ ಮಾಡಿದ ಎಣ್ಣೆ, ಪರಿಮಳವೇ ಇಲ್ಲ. ಆ ದುಡ್ಡಿಗೆ ಶೇಂಗಾ ಎಣ್ಣೆಯೇ ವಾಸಿ. ತೆಂಗಿನೆಣ್ಣೆ ನಮ್ಮ ಕಡೆಯವರಿಗೆ ಎಷ್ಟೇ ಪ್ರೀತಿಯದಾದರೂ ಇಲ್ಲಿ ಬೇಡ, ಊರ ಚಿಪ್ಸಿನ ವಾಸನೆ ಬಂದುಬಿಡುತ್ತದೆ.

ಥರ್ಮಾಮೀಟರ್ ಇದ್ದರೆ 170ಕ್ಕೆ ಕಾಯಿಸಿ. ಇಲ್ಲದಿದ್ದರೆ ಒಣಗಿದ ಮರದ ಸೌಟಿನ ಹಿಡಿ ಅದ್ದಿ. ಸುತ್ತಲೂ ಸಣ್ಣ ಗುಳ್ಳೆ ಒಂದೇ ಸಮನೆ ಏಳಬೇಕು. ಬಟಾಟೆಯನ್ನು ಝಾರಾದಲ್ಲಿ, ಅಂದರೆ ತೂತಿನ ಸೌಟಿನಲ್ಲಿ, ಎರಡು ಕಂತಿನಲ್ಲಿ ಇಳಿಸಿ. ಉರಿ ಪೂರ್ತಿ ದೊಡ್ಡದಿರಲಿ, ಎರಡು ನಿಮಿಷ. ಮತ್ತೆ ಮಧ್ಯಮ. ಮೊದಲ ನಾಲ್ಕು ನಿಮಿಷ ಕೈ ಕಟ್ಟಿ ನಿಲ್ಲಿ. ಈಗ ಮುಟ್ಟಿದರೆ ಮೆತ್ತಗಿನ ಮೈ ಕಿತ್ತು ತಳಕ್ಕೆ ಅಂಟುತ್ತದೆ. ನಾಲ್ಕು ನಿಮಿಷಕ್ಕೆ ತೆಳ್ಳಗೆ ಚರ್ಮ ಕಟ್ಟಿ ತಾನೇ ಬಿಡುತ್ತದೆ. ಆಗ ಚಪ್ಪಟೆ ಸಟ್ಟುಗವನ್ನು ತಳಕ್ಕೆ ಉಜ್ಜಿಕೊಂಡು ಒಳಸರಿಸಿ ಒಮ್ಮೆ ಮೆಲ್ಲಗೆ ತಿರುವಿ. ಒಂಬತ್ತು ಹತ್ತು ನಿಮಿಷಕ್ಕೆ ಚೂಪು ಚಾಕು ತಡೆಯಿಲ್ಲದೆ ಇಳಿಯಬೇಕು. ಬಣ್ಣ ಈಗಲೂ ಬೆಣ್ಣೆಯಂತೆ ಬಿಳಿಹಳದಿಯೇ, ಹೆದರಬೇಡಿ. ಈಗ ಉರಿ ಮತ್ತೆ ದೊಡ್ಡದು, ನಾಲ್ಕರಿಂದ ಐದು ನಿಮಿಷ. ಸದ್ದು ಬದಲಾಗುವುದನ್ನು ಕೇಳಿ: ಮೊದಲು ಜೋರು ಮಳೆಯ ಹಾಗೆ ಭೋರೆನ್ನುತ್ತಿದ್ದದ್ದು ಬರಬರುತ್ತ ಚಿಟಿಚಿಟಿ ಆಗುತ್ತದೆ, ಗುಳ್ಳೆ ಸಣ್ಣದಾಗಿ ವಿರಳವಾಗುತ್ತದೆ. ಝಾರಾದಿಂದ ತಟ್ಟಿದರೆ ತುಂಡು ಕಟಕಟ ಅಂದರೆ ಆಯಿತು. ಅಂಚು ಹೊಂಬಣ್ಣ, ನಡುಭಾಗ ಇನ್ನೂ ತಿಳಿ ಹಳದಿ ಇದ್ದಾಗಲೇ ತೆಗೆಯಿರಿ.

ತೆಗೆಯುವ ಆ ಅರ್ಧ ನಿಮಿಷ ಮುಖ್ಯ. ಕರಿಯುವಾಗ ಒಳಗಿನ ಹಬೆ ಹೊರನುಗ್ಗುತ್ತಿರುವುದರಿಂದ ಎಣ್ಣೆ ಅಷ್ಟಾಗಿ ಒಳಗೆ ಹೋಗುವುದಿಲ್ಲ. ಹೊರಗೆ ತೆಗೆದು ಆರತೊಡಗಿದಾಗ ಹಬೆ ಕುಗ್ಗಿ, ಮೈಮೇಲಿನ ಎಣ್ಣೆಯನ್ನು ಒಳಕ್ಕೆ ಎಳೆಯುತ್ತದೆ. ಅದಕ್ಕೆ ಉರಿ ಆರಿಸಿ ಆಮೇಲೆ ತೆಗೆಯುವುದು ಸಲ್ಲ. ಉರಿ ಇರುವಾಗಲೇ ತೆಗೆದು, ಝಾರಾವನ್ನು ಪಾತ್ರೆಯ ಮೇಲೆ ನಾಲ್ಕೈದು ಸಲ ಜಾಡಿಸಿ, ತಂತಿ ಜಾಲರಿಯ ಮೇಲೆ ಹರಡಿ. ಪೇಪರಿನ ಮೇಲೆ ರಾಶಿ ಹಾಕಿದರೆ ಅಡಿಯದು ತನ್ನ ಹಬೆಯಲ್ಲೇ ನೆನೆದು ಮೆತ್ತಗಾಗುತ್ತದೆ.

ಮಸಾಲೆಗೆ ಕ್ರಮ ಇದೆ. ಉಪ್ಪು ಮೊದಲು, ಎಣ್ಣೆಯ ಪಸೆ ಇರುವಾಗಲೇ, ಅರ್ಧ ಟೀ ಚಮಚ ಪುಡಿ ಉಪ್ಪು. ಚೀಸ್ ಹಾಕುವುದಾದರೆ ಕಾಲು ಸಾಕು. ಹಿಂದೆಯೇ ಒಣ ಒರೆಗಾನೊ ಅರ್ಧ ಚಮಚ, ಎರಡು ಅಂಗೈ ನಡುವೆ ತಿಕ್ಕಿ ಉದುರಿಸಿ. ಗ್ರೀಕರಿಗೆ ಇದು 'ರೀಗಾನಿ', ಬೆಟ್ಟದ ಗಿಡದ ಹೂಗೊಂಚಲನ್ನೂ ಸೇರಿಸಿ ಒಣಗಿಸುತ್ತಾರೆ. ಎಣ್ಣೆಗೆ ಹಾಕಿದರೆ ಸೀದು ಕಹಿ. ಪಿಜ್ಜಾದ ಜೊತೆ ಬರುವ ಪೊಟ್ಟಣ ಬಳಸಬೇಡಿ, ಅದರಲ್ಲಿ ಉಪ್ಪು, ಬೆಳ್ಳುಳ್ಳಿ ಪುಡಿ, ಮೆಣಸು ಎಲ್ಲ ಬೆರೆತಿರುತ್ತದೆ. ಬರೀ ಎಲೆ ಇರುವ ಶೀಶೆ ಕೊಳ್ಳಿ. ಬಾಲ್ಕನಿಯ ದೊಡ್ಡಪತ್ರೆ, ಮರಾಠಿ ನೆರೆಯವರ ಪಾನ್‌ಓವಾ, ಆಗುತ್ತದೆಯೇ ಅಂತ ಕೇಳುವವರಿದ್ದಾರೆ. ಒರೆಗಾನೊದ ಖಾರ ವಾಸನೆಗೆ ಕಾರಣವಾದ ಕಾರ್ವಕ್ರಾಲ್ ಇದರಲ್ಲೂ ಇದೆ, ನಿಜ. ಆದರೆ ಹಸಿ ಎಲೆ ತುಂಬ ನೀರು. ನಾಲ್ಕು ಎಲೆ ತೆಳ್ಳಗೆ ಹೆಚ್ಚಿ, ಕೊನೆಯ ಅರ್ಧ ನಿಮಿಷ ಬೇರೆ ಸಣ್ಣ ಸೌಟಿನಲ್ಲಿ ಗರಿಗರಿ ಕರಿದು ಮೇಲೆ ಉದುರಿಸಿದರೆ ಬೇರೆಯೇ ತಿಂಡಿ, ಕೆಟ್ಟದ್ದೇನಲ್ಲ. ಓಮ ಮಾತ್ರ ಬೇಡ, ಎಲ್ಲವನ್ನೂ ಮೀರಿಸುತ್ತದೆ.

ಚೀಸ್ ಐಚ್ಛಿಕ. ಅಲ್ಲಿ ಕೆಫಾಲೊತಿರಿ ಎಂಬ ಗಟ್ಟಿ ಚೀಸನ್ನು ತುರಿದೋ ಫೆಟಾ ಪುಡಿಮಾಡಿಯೋ ಹಾಕುತ್ತಾರೆ. ಯುರೋಪಿನ ಕಾನೂನಿನಲ್ಲಿ ಫೆಟಾ ಅಂದರೆ ಗ್ರೀಸಿನ ಕುರಿ ಹಾಲಿನದು, ಆಡಿನ ಹಾಲು ಶೇಕಡ 30 ಮೀರಬಾರದು. ಇಲ್ಲಿ ಸಿಗುವುದರಲ್ಲಿ ಹಸುವಿನ ಹಾಲಿನದೇ ಹೆಚ್ಚು. ಪರವಾಗಿಲ್ಲ, 30 ಗ್ರಾಂ ಸಾಕು, ನೀರು ಒರೆಸಿ ಪುಡಿಮಾಡಿ. ಪನೀರ್ ಸಪ್ಪೆ. ನೂರು ಮಿಲಿ ನೀರಿಗೆ ಎಂಟು ಗ್ರಾಂ ಉಪ್ಪು, ಒಂದು ಚಮಚ ನಿಂಬೆರಸ ಹಾಕಿ ರಾತ್ರಿಯಿಡೀ ಫ್ರಿಜ್ಜಿನಲ್ಲಿ ನೆನೆಸಿದರೆ ಹತ್ತಿರ ಬರುತ್ತದೆ, ಅಷ್ಟೇ.

ನಿಂಬೆ ಕೊನೆಗೆ, ತಟ್ಟೆಯಲ್ಲಿ, ತಿನ್ನುವವರ ಕೈಯಲ್ಲೇ. ಅಡುಗೆಮನೆಯಲ್ಲಿ ಹಿಂಡಿ ತಂದರೆ ಮೇಜಿಗೆ ಬರುವಷ್ಟರಲ್ಲಿ ಮೇಲ್ಮೈ ಮೆತ್ತಗೆ. ಅಲ್ಲಿನ ದೊಡ್ಡ ಹಳದಿ ಲೆಮನ್ನಿಗಿಂತ ನಮ್ಮ ಕಾಗದಿ ನಿಂಬೆ ಹುಳಿ, ತೊಗಟೆಯಲ್ಲಿ ಕಹಿ ಬೇರೆ; ಕಾಲು ಹೋಳು ಸಾಕು, ಒತ್ತಿ ಹಿಂಡಬೇಡಿ.

ಸಣ್ಣ ನವಾ ಬಟಾಟೆ ಸಿಕ್ಕ ದಿನ ಸೈಪ್ರಸ್‌ನವರ ದಾರಿ ಹಿಡಿಯಿರಿ. ಸಿಪ್ಪೆ ಸಮೇತ ಒರಳ ಗುಂಡಿನಿಂದ ಒಂದೊಂದಕ್ಕೂ ಒಂದು ಪೆಟ್ಟು, ಬಿರುಕು ಬಿಟ್ಟರೆ ಸಾಕು, ಒಡೆಯಬಾರದು. ಅದೇ ಎಣ್ಣೆಯಲ್ಲಿ ಮುಚ್ಚಳ ಹಾಕಿ ಸಣ್ಣ ಉರಿಯಲ್ಲಿ ಇಪ್ಪತ್ತು ನಿಮಿಷ, ನಡುನಡುವೆ ಪಾತ್ರೆಯನ್ನೇ ಅಲುಗಿಸಿ. ಮುಚ್ಚಳದ ಬೆವರು ಎಣ್ಣೆಗೆ ತೊಟ್ಟಿಕ್ಕದಂತೆ ಒಂದೇ ಪಕ್ಕಕ್ಕೆ ವಾಲಿಸಿ ಎತ್ತಿ. ಎಣ್ಣೆ ಪೂರ್ತಿ ಬಸಿದ ಮೇಲೆ ಕಾಲು ಕಪ್ ನಾಸಿಕದ ಸಿಹಿಯಿಲ್ಲದ (ಡ್ರೈ) ಕೆಂಪು ವೈನ್ ಹಾಕಿ ಆವಿ ಮಾಡಿ, ತರಿತರಿ ಕುಟ್ಟಿದ ಕೊತ್ತಂಬರಿ ಬೀಜ ಒಂದು ಚಮಚ. ಎಣ್ಣೆ ಇರುವಾಗಲೇ ವೈನ್ ಸುರಿದರೆ ಬೆಂಕಿಯ ಅಪಾಯ.

ಉಳಿದ ಎಣ್ಣೆ ಆರಿದ ಮೇಲೆ ಪಂಚೆಯ ಬಟ್ಟೆಯಲ್ಲಿ ಸೋಸಿ ಗಾಜಿನ ಶೀಶೆಗೆ, ಕತ್ತಲೆಗೆ. ತಳದ ಕಪ್ಪು ಪುಡಿ ಉಳಿದರೆ ಮುಂದಿನ ಸಲ ಕಹಿ. ಎರಡು ಸಲ ಕರಿಯಬಹುದು, ಮೂರನೆಯದು ಒಗ್ಗರಣೆಗೆ ಮುಗಿಸಿ. ಹೋಟೆಲುಗಳ ಕರಿಯೆಣ್ಣೆಗೆ ಒಟ್ಟು ಧ್ರುವೀಯ ಅಂಶ (ಮತ್ತೆ ಮತ್ತೆ ಕಾದು ಎಣ್ಣೆ ಕೆಟ್ಟಾಗ ಹುಟ್ಟುವುದು) ಶೇಕಡ 25 ಮೀರಬಾರದೆಂದು 2018ರಿಂದ ಆಹಾರ ಸುರಕ್ಷತೆಯ ಸರಕಾರಿ ಸಂಸ್ಥೆಯಾದ ಎಫ್‌ಎಸ್‌ಎಸ್‌ಎಐ ನಿಯಮ ಇದೆ. ಮನೆಯಲ್ಲಿ ಅಳೆಯುವ ಉಪಕರಣ ಇರುವುದಿಲ್ಲ. ಕಾಯಿಸುವಾಗ ಬಟಾಟೆ ಹಾಕುವ ಮೊದಲೇ ನೊರೆ ಕಂಡರೆ, ಇಲ್ಲವೇ ಆರಿದ ಎಣ್ಣೆ ಬೆರಳಿಗೆ ಜಿಗುಟಾಗಿ ಹತ್ತಿದರೆ, ಮೋರಿಗೆ ಸುರಿಯದೆ ಹಳೆ ಬಾಟಲಿಗೆ ತುಂಬಿ ಮುಚ್ಚಳ ಬಿಗಿದು ಕಸಕ್ಕೆ ಕೊಡಿ.