ಪಕ್ಕದ ಮನೆ ಮೆಸ್ ಆಯ್ತಾ? ಕೂಗಾಡುವ ಮೊದಲು ಇದನ್ನು ಓದಿ

ಮೈಸೂರಿನ ಕುವೆಂಪುನಗರದ ನಮ್ಮ ಅಡ್ಡರಸ್ತೆಗೆ ಮೊದಲು ಮೆಸ್ ಬಂತು, ಆಮೇಲೆ ಪಿಜಿ. ಬೆಳಗ್ಗೆ ಐದಕ್ಕೇ ಪಾತ್ರೆ ಸದ್ದು, ಗೇಟಿಗೆ ಅಡ್ಡ ಬೈಕು, ಚರಂಡಿಯಲ್ಲಿ ಎಣ್ಣೆ. ಕೇಳಲು ಹೋದರೆ ಮಾಲೀಕರು "ಟ್ರೇಡ್ ಲೈಸೆನ್ಸ್ ಇದೆ ಸಾರ್, ಕಮರ್ಷಿಯಲ್ ಕಂದಾಯನೂ ಕಟ್ತಿದ್ದೀವಿ" ಅಂತ ಕಾಗದ ತೋರಿಸಿದರು. ನಾನೂ ನಂಬಿ ಎರಡು ವರ್ಷ ಸುಮ್ನೆ ಕೂತೆ.

ಕೂರಬಾರದಿತ್ತು. ಟ್ರೇಡ್ ಲೈಸೆನ್ಸ್ ಸಿಗುವುದು ವ್ಯಾಪಾರಕ್ಕೆ, ಕಟ್ಟಡಕ್ಕಲ್ಲ. ಕಂದಾಯ ಜಾಸ್ತಿ ಕಟ್ಟಿದ ಮಾತ್ರಕ್ಕೆ, ಕರೆಂಟ್ ಮೀಟರ್ ಕಮರ್ಷಿಯಲ್‌ಗೆ ಬದಲಾಯಿಸಿದ ಮಾತ್ರಕ್ಕೆ ಮನೆ ಅಂಗಡಿ ಆಗುವುದಿಲ್ಲ. ಬಳಕೆ ಬದಲಿಸಲು 1961ರ ಕರ್ನಾಟಕ ನಗರ ಮತ್ತು ಗ್ರಾಮಾಂತರ ಯೋಜನಾ ಕಾಯ್ದೆಯ 14ನೇ ಕಲಂ ಪ್ರಕಾರ ಯೋಜನಾ ಪ್ರಾಧಿಕಾರದ ಲಿಖಿತ ಅನುಮತಿ ಬೇಕು. ನಮ್ಮಲ್ಲಿ ಅದು ಮುಡಾ (ಮೈಸೂರು ನಗರಾಭಿವೃದ್ಧಿ ಪ್ರಾಧಿಕಾರ), ಈಗಿನ ಎಂಡಿಎ (ಮೈಸೂರು ಅಭಿವೃದ್ಧಿ ಪ್ರಾಧಿಕಾರ).

ಹಾಗಂತ ಮನೆಯಲ್ಲಿ ನಡೆಯುವ ಎಲ್ಲ ಕೆಲಸವೂ ತಪ್ಪಲ್ಲ. ವಕೀಲರ ಕೋಣೆ, ಡಾಕ್ಟರ ಕನ್ಸಲ್ಟಿಂಗ್ ರೂಮ್‌ನಂಥ ಸಣ್ಣ ಬಳಕೆಗೆ ವಸತಿ ವಲಯದಲ್ಲೂ ಜಾಗ ಇರುತ್ತದೆ, ಆದ್ದರಿಂದ ನಿಮ್ಮ ರಸ್ತೆಗೆ ಮಾಸ್ಟರ್ ಪ್ಲಾನ್‌ನ (ಊರಿನ ಯಾವ ಜಾಗ ಯಾವ ಬಳಕೆಗೆ ಅಂತ ಹೇಳುವ ಯೋಜನೆ) ವಲಯ ನಿಯಮ ಏನು ಹೇಳುತ್ತದೆ ಅಂತ ಮೊದಲು ನೋಡಿಕೊಳ್ಳಿ. ಟ್ಯೂಷನ್ ಹೇಳುವ ಅಜ್ಜಿ ಮೇಲೆ ದೂರು ಕೊಡಬೇಡಿ ಮಾರಾಯ್ರೇ.

ನೋಡಿದ ಮೇಲೂ ತಪ್ಪು ಅನ್ನಿಸಿದರೆ ಮಾಹಿತಿ ಹಕ್ಕಿನಲ್ಲಿ ಮೂರು ಕಾಗದ ಕೇಳಿ: ಕಟ್ಟಡದ ಮಂಜೂರಾದ ನಕ್ಷೆ, ಬಳಕೆ ಬದಲಾವಣೆಯ ಆದೇಶ ಇದ್ದರೆ ಅದು, ಲೈಸೆನ್ಸ್ ಪ್ರತಿ. 10 ರೂಪಾಯಿ ಶುಲ್ಕ, 30 ದಿನ. "ಮೂರನೆಯವರ ಮಾಹಿತಿ, ಕೊಡಲಾಗದು" ಅಂತ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಬಂದರೆ ಬೇಜಾರಾಗದೆ 30 ದಿನದೊಳಗೆ ಮೇಲ್ಮನವಿ ಹಾಕಿ.

ದೂರನ್ನು ಪಾಲಿಕೆ ಆಯುಕ್ತರಿಗೂ ಎಂಡಿಎಗೂ ಬರೆಯಿರಿ. ಕಚೇರಿಯ ಟಪಾಲು ವಿಭಾಗದಲ್ಲಿ ಕೈಯಾರೆ ಕೊಟ್ಟು ನಿಮ್ಮ ಪ್ರತಿಗೆ ಸೀಲ್ ಹಾಕಿಸಿಕೊಳ್ಳಿ. ಆ ಸೀಲ್ ಇಲ್ಲದಿದ್ದರೆ ಮುಂದೆ ನೀವು ದೂರೇ ಕೊಟ್ಟಿಲ್ಲ ಅಂತ ಲೆಕ್ಕ. "ತುಂಬಾ ತೊಂದರೆ" ಅಂತ ಬರೆದರೆ ಯಾರೂ ಓದುವುದಿಲ್ಲ. ಯಾವ ದಿನ, ಎಷ್ಟು ಗಂಟೆಗೆ, ಏನಾಯ್ತು ಅಂತ ಬರೆಯಿರಿ, ಫೋಟೋ ಲಗತ್ತಿಸಿ. ಸದ್ದಿನ ವಿಷಯಕ್ಕೆ 2000ದ ಶಬ್ದ ಮಾಲಿನ್ಯ ನಿಯಮ ಇದೆ: ವಸತಿ ಪ್ರದೇಶದಲ್ಲಿ ಹಗಲು 55 ಡೆಸಿಬಲ್, ರಾತ್ರಿ 10ರಿಂದ ಬೆಳಗ್ಗೆ 6ರವರೆಗೆ 45.

ಮನೆ ಮೀಟರಿನಲ್ಲೇ ಗ್ರೈಂಡರ್ ಓಡುತ್ತಿದ್ದರೆ ಇಲ್ಲಿನ ವಿದ್ಯುತ್ ಕಂಪನಿ ಸೆಸ್ಕ್‌ಗೂ ಬರೆಯಿರಿ. 2003ರ ವಿದ್ಯುತ್ ಕಾಯ್ದೆಯ 126ನೇ ಕಲಂನಲ್ಲಿ ದುಪ್ಪಟ್ಟು ದರ ಹಾಕುತ್ತಾರೆ, ಯಾವಾಗಿನಿಂದ ಅಂತ ಗೊತ್ತಾಗದಿದ್ದರೆ ಹಿಂದಿನ 12 ತಿಂಗಳಿಗೆ.

ಪೊಲೀಸರು "ಇದು ಸಿವಿಲ್ ವಿಷಯ" ಅನ್ನಬಹುದು. ಚರಂಡಿ, ಹೊಗೆಯಿಂದ ಇಡೀ ಬೀದಿಗೇ ಕಾಟ ಇದ್ದರೆ ಬಿಎನ್‌ಎಸ್‌ಎಸ್ (ಹಳೆಯ ಸಿಆರ್‌ಪಿಸಿ ಜಾಗಕ್ಕೆ ಬಂದ ಕಾನೂನು) 152ನೇ ಕಲಂನಡಿ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರ ಮುಂದೆ ಹೋಗಬಹುದು. ಪಾಲಿಕೆ ಅಲುಗಾಡದಿದ್ದರೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ, ಅಂದರೆ ಪಾಲಿಕೆಗೆ ಆದೇಶ ಕೊಡಿ ಅಂತ ಕೇಳುವ ಅರ್ಜಿ. ಅಲ್ಲಿ ಕೇಳುವ ಮೊದಲ ಪ್ರಶ್ನೆಯೇ "ಲಿಖಿತ ದೂರು ಎಲ್ಲಿ?" ವಕೀಲರಿಗೆ 2024ರ ಡಿಸೆಂಬರ್ 17ರ ಸುಪ್ರೀಂ ಕೋರ್ಟ್ ತೀರ್ಪು ನೆನಪಿಸಿ. ಮೀರತ್‌ನಲ್ಲಿ ವಾಸದ ನಿವೇಶನದಲ್ಲಿ ಎದ್ದಿದ್ದ ಅಂಗಡಿಗಳ ಪ್ರಕರಣ ಅದು. ಇಷ್ಟು ವರ್ಷ ಯಾರೂ ಕೇಳಲಿಲ್ಲ ಅನ್ನುವ ವಾದ ನಡೆಯಲಿಲ್ಲ, ಕೆಡವುವ ಆದೇಶವೇ ಉಳಿಯಿತು. ಅನಧಿಕೃತ ಕಟ್ಟಡದಲ್ಲಿ ವ್ಯಾಪಾರಕ್ಕೆ ಪರವಾನಗಿ ಕೊಡಬೇಡಿ ಅಂತಲೂ ಕೋರ್ಟ್ ಹೇಳಿತು.

ಬಾಡಿಗೆಗೆ ಹಿಡಿಯುವವರಿಗೂ ಒಂದು ಮಾತು. ಅಡ್ವಾನ್ಸ್ ಕೊಡುವ ಮೊದಲು ನಕ್ಷೆ ತೋರಿಸಿ ಅನ್ನಿ. ಕರಾರಿನಲ್ಲಿ "ವಾಸಕ್ಕೆ" ಅಂತ ಬರೆದು ಬಾಯಲ್ಲಿ "ಅಂಗಡಿ ಇಟ್ಕೊಳಿ, ನಾನು ನೋಡ್ಕೋತೀನಿ" ಅನ್ನುವ ಮಾಲೀಕರು ಬೇಕಾದಷ್ಟಿದ್ದಾರೆ. ನೋಟಿಸ್ ಬಂದ ದಿನ ಕರಾರು ಮುರಿದವರು ನೀವೇ ಆಗುತ್ತೀರಿ. ನಮ್ಮ ಮೆಸ್ ನಡೆಸುತ್ತಿದ್ದ ಹುಡುಗ ಪಾಂಡವಪುರದ ಕಡೆಯವನು, ಒಳ್ಳೆ ಅಡುಗೆ ಮಾಡುತ್ತಿದ್ದ. ಮಾಲೀಕರು ಅವನ ಅಡ್ವಾನ್ಸ್ ಇನ್ನೂ ವಾಪಸ್ ಕೊಟ್ಟಿಲ್ಲ.